ಮಗಳಿಗೊಂದು ಪತ್ರ: ಮೊಸಳೆಗೆ ಹತ್ತಿರ ಯಾರು?

ಕುಂಬಳೆ

ಪ್ರೀತಿಯ ಮಗಳೇ,

ನೀನು ಕಳಿಸಿದ ವಿಕಾಸವೃಕ್ಷದ ಚಿತ್ರ ನೋಡಿದೆ. ಮೊಸಳೆಯನ್ನು ಕೋಳಿಯ ಜೊತೆ ಸೇರಿಸಿ ಉಡವನ್ನು ಹೊರಗಿಟ್ಟಿದ್ದಾರೆ, ಇದೆಂಥ ಲೆಕ್ಕ ಅಮ್ಮ ಎಂದು ಕೇಳಿದ್ದೀಯ. ಅನಂತಪುರದ ದೇವಸ್ಥಾನದ ಕೆರೆಯಲ್ಲಿ ಬಬಿಯಾ ಎಂಬ ಮೊಸಳೆಯನ್ನು ಕಂಡ ನಮ್ಮೂರಿನ ಯಾರನ್ನು ಕೇಳಿದರೂ ಮೊಸಳೆ ಎಂದರೆ ನೀರಿಗಿಳಿದ ದೊಡ್ಡ ಉಡ ಎಂದೇ ಹೇಳಿಯಾರು. ಆದರೂ ಚಿತ್ರ ಸರಿ ಉಂಟು. ವಿಕಾಸವೃಕ್ಷ ತೋರಿಸುವುದು ಹೋಲಿಕೆಯನ್ನಲ್ಲ, ಯಾವ ಎರಡು ವಂಶಗಳು ಇತ್ತೀಚಿನವರೆಗೆ ಒಂದೇ ಆಗಿದ್ದವು ಎಂಬುದನ್ನು.

ಓದುವ ಕ್ರಮ ಹೀಗೆ. ಮರದ ಎರಡು ಕೊಂಬೆತುದಿಗಳ ಮೇಲೆ ಎರಡು ಬೆರಳಿಡು. ಎರಡನ್ನೂ ಬೇರಿನ ಕಡೆಗೆ ಸರಿಸುತ್ತಾ ಹೋಗು. ಬೆರಳುಗಳು ಸೇರುವ ಗಂಟೇ ಆ ಎರಡು ಪ್ರಭೇದಗಳ ಕಡೆಯ ಸಮಾನ ಪೂರ್ವಜ. ಮೊಸಳೆ ಮತ್ತು ಕೋಳಿಯ ಬೆರಳುಗಳು ಸೇರುವುದು ಸುಮಾರು 25 ಕೋಟಿ ವರ್ಷ ಹಿಂದಿನ ಗಂಟಿನಲ್ಲಿ. ಮೊಸಳೆ ಮತ್ತು ಉಡದ ಬೆರಳುಗಳು ಅದನ್ನೂ ದಾಟಿ ಸುಮಾರು 28 ಕೋಟಿ ವರ್ಷದಷ್ಟು ಹಿಂದೆ ಹೋಗಬೇಕು. ದನವನ್ನು ಸೇರಿಸಿದರೆ ಇನ್ನೂ ಹಿಂದೆ, ಸುಮಾರು 32 ಕೋಟಿ. ಹತ್ತಿರ, ದೂರ ಎಂಬುದೆಲ್ಲ ಈ ಗಂಟುಗಳ ಹಿಂದುಮುಂದಿನ ಮಾತು.

ತುದಿಗಳು ಯಾವ ಸಾಲಿನಲ್ಲಿವೆ ಎಂಬುದಕ್ಕೆ ಮಾತ್ರ ಅರ್ಥವೇ ಇಲ್ಲ. ಯಾವ ಗಂಟನ್ನು ಹಿಡಿದು ತಿರುಗಿಸಿದರೂ ಮರ ಅದೇ. ಐದು ತುದಿಯ ಮರದಲ್ಲಿ ನಾಲ್ಕು ಗಂಟು, ಒಂದೊಂದಕ್ಕೂ ಎರಡು ದಿಕ್ಕು. ಒಂದೇ ಮರವನ್ನು 16 ಬಗೆಯಲ್ಲಿ ಬರೆಯಬಹುದು. ಕೆಲವದರಲ್ಲಿ ಕಪ್ಪೆಯ ಪಕ್ಕ ದನ ಬರುತ್ತದೆ, ಕೆಲವದರಲ್ಲಿ ಕಪ್ಪೆಯ ಪಕ್ಕ ಕೋಳಿ. ಪರೀಕ್ಷೆಯಲ್ಲಿ ಮಕ್ಕಳು ಅತಿ ಹೆಚ್ಚು ಅಂಕ ಕಳೆದುಕೊಳ್ಳುವುದು ಇಲ್ಲೇ. ಇನ್ನೊಂದು ತಪ್ಪು, ಕಪ್ಪೆಯಿಂದ ಉಡ, ಉಡದಿಂದ ಮೊಸಳೆ ಎಂದು ತುದಿಯಿಂದ ತುದಿಗೆ ಓದುವುದು. ತುದಿಯಲ್ಲಿರುವವರೆಲ್ಲ ಇವತ್ತಿನವರು ಮಾರಾಯ್ತಿ, ಯಾರೂ ಯಾರಿಗೂ ಅಜ್ಜ ಅಲ್ಲ.

ಇನ್ನು ಮರ ಕಟ್ಟುವುದು ಹೇಗೆ ಎಂಬುದು. ಕಪ್ಪೆ, ದನ, ಉಡ, ಮೊಸಳೆ, ಕೋಳಿ ಐದನ್ನೂ ಒಂದು ಕಾಗದದಲ್ಲಿ ಬರೆದು ಲಕ್ಷಣಗಳ ಪಟ್ಟಿ ಮಾಡು. ಭ್ರೂಣದ ಸುತ್ತ ನೀರುಚೀಲ: ಕಪ್ಪೆಗಿಲ್ಲ, ಉಳಿದ ನಾಲ್ಕಕ್ಕೂ ಉಂಟು. ಚರ್ಮದ ಹುರುಪೆಯಲ್ಲಿ ಬೀಟಾ ಕೆರಾಟಿನ್ ಎಂಬ ಪ್ರೋಟೀನು: ಉಡ, ಮೊಸಳೆ, ಕೋಳಿಗೆ (ಕೋಳಿಯ ಕಾಲಿನ ಹುರುಪೆಯಲ್ಲಿ, ಗರಿಯಲ್ಲಿ). ಕಣ್ಣಿನ ಹಿಂದೆ ತಲೆಬುರುಡೆಯಲ್ಲಿ ಎರಡು ಜೊತೆ ಕಿಂಡಿ: ಅದೇ ಮೂವರಿಗೆ, ಉಡ ಮತ್ತು ಕೋಳಿಯಲ್ಲಿ ಆಕಾರ ಬದಲಾಗಿದ್ದರೂ. ಕಲ್ಲು ನುಂಗಿ ಆಹಾರ ಅರೆಯುವ ದಪ್ಪ ಸ್ನಾಯುವಿನ ಹೊಟ್ಟೆ: ಮೊಸಳೆಗೆ, ಕೋಳಿಗೆ. ಸುಣ್ಣದ ಗಟ್ಟಿ ಚಿಪ್ಪಿನ ಮೊಟ್ಟೆ: ಅವೆರಡಕ್ಕೇ, ಉಡದ ಮೊಟ್ಟೆ ತೊಗಲಿನ ಹಾಗೆ ಮೆತ್ತಗೆ. ನಾಲ್ಕು ಕೋಣೆಯ ಹೃದಯ: ದನ, ಮೊಸಳೆ, ಕೋಳಿಗೆ. ಬಿಸಿರಕ್ತ: ದನಕ್ಕೆ, ಕೋಳಿಗೆ. ಗರಿ ಮತ್ತು ಹಾಲನ್ನು ಬರೆಯಬೇಡ. ಒಬ್ಬರಲ್ಲೇ ಇರುವ ಲಕ್ಷಣ ಯಾರನ್ನೂ ಯಾರ ಜೊತೆಗೂ ಸೇರಿಸುವುದಿಲ್ಲ.

ಕಪ್ಪೆಯನ್ನು ಹೊರಗಿನವಳಾಗಿ ನಿಲ್ಲಿಸು, ಅಂದರೆ ಔಟ್‌ಗ್ರೂಪ್. ಉಳಿದ ನಾಲ್ವರನ್ನು 15 ಬಗೆಯಲ್ಲಿ ಜೋಡಿಸಬಹುದು. ಪ್ರತಿ ಜೋಡಣೆಗೂ ಲಕ್ಷಣಗಳು ಒಟ್ಟು ಎಷ್ಟು ಸಲ ಬದಲಾಗಬೇಕಾಯಿತು ಎಂದು ಎಣಿಸುವುದು, ಅತಿ ಕಡಿಮೆ ಬದಲಾವಣೆ ಕೇಳುವ ಮರವನ್ನು ಇಟ್ಟುಕೊಳ್ಳುವುದು. ಎರಡನ್ನು ನಾನು ಮಾಡಿ ತೋರಿಸುತ್ತೇನೆ. ಮೊದಲನೆಯದರಲ್ಲಿ ಮೊಸಳೆ ಕೋಳಿ ಜೋಡಿ, ಅದರ ಹೊರಗೆ ಉಡ, ಅದರ ಹೊರಗೆ ದನ. ಮೊದಲ ಐದು ಲಕ್ಷಣಗಳು ಒಂದೊಂದೇ ಸಲ ಹುಟ್ಟಿದರೆ ಸಾಕು. ಹೃದಯ ಎರಡು ಸಲ, ಬಿಸಿರಕ್ತ ಎರಡು ಸಲ. ಒಟ್ಟು 9. ಎರಡನೆಯದರಲ್ಲಿ ಬಿಸಿರಕ್ತ ನಂಬಿ ದನ ಕೋಳಿ ಜೋಡಿ, ಹೊರಗೆ ಮೊಸಳೆ, ಅದರ ಹೊರಗೆ ಉಡ. ಈಗ ಹೃದಯ, ಬಿಸಿರಕ್ತ, ನೀರುಚೀಲ ಒಂದೊಂದು ಸಲ. ಆದರೆ ಕೆರಾಟಿನ್, ಕಿಂಡಿ, ಹೊಟ್ಟೆ, ಚಿಪ್ಪು ನಾಲ್ಕೂ ಒಮ್ಮೆ ಹುಟ್ಟಿ ದನದಲ್ಲಿ ಅಳಿಯಬೇಕು, ಅಂದರೆ ಎರಡೆರಡು ಬದಲಾವಣೆ. 3 ಕೂಡಿಸು 8, ಒಟ್ಟು 11. ಹಾಗಾಗಿ ಮೊದಲನೆಯದಕ್ಕೆ ಗೆಲುವು. ಉಳಿದ 13ನ್ನು ನೀನೇ ಎಣಿಸಿ ನೋಡು, ಅರ್ಧ ಗಂಟೆಯ ಕೆಲಸ. ಇದನ್ನು ಪೆನ್ನಿನಲ್ಲಿ ಒಮ್ಮೆಯಾದರೂ ಮಾಡದೆ ಕಂಪ್ಯೂಟರ್ ಮುಟ್ಟಬಾರದು ಎಂಬುದು ನನ್ನ ಹಠ.

ಹೃದಯ ನಿಜಕ್ಕೂ ಎರಡು ಸಲ ಬೇರೆ ಬೇರೆಯಾಗಿ ನಾಲ್ಕು ಕೋಣೆಯಾಯಿತೇ ಎಂದು ನೀನು ಕೇಳುತ್ತಿ. ಕೊಯ್ದು ನೋಡಿದರೆ ಸುಳಿವು ಸಿಗುತ್ತದೆ: ದನದ ಮಹಾಧಮನಿ ಎಡಕ್ಕೆ ಬಾಗಿದೆ, ಕೋಳಿಯದ್ದು ಬಲಕ್ಕೆ, ಮೊಸಳೆಯಲ್ಲಿ ಎರಡೂ ಬಾಗುಗಳು ಉಳಿದಿವೆ. ಕೋಣೆಯ ಲೆಕ್ಕ ಒಂದೇ ಆದರೂ ಕಟ್ಟಿದ ರೀತಿ ಬೇರೆ.

ಹಾಗಾದರೆ ಉಡ ಮತ್ತು ಮೊಸಳೆಯ ಹೋಲಿಕೆ ಎಲ್ಲಿಂದ ಬಂತು? ಹುರುಪೆಯ ಮೈ, ಉದ್ದ ಬಾಲ, ನಾಲ್ಕು ಕಾಲಿನ ನಡಿಗೆ, ಇವೆಲ್ಲ ಮೂವರ ಸಮಾನ ಪೂರ್ವಜನಲ್ಲೇ ಇದ್ದ ಹಳೆಯ ಲಕ್ಷಣಗಳು. ಉಡ, ಮೊಸಳೆ ಉಳಿಸಿಕೊಂಡವು, ಕೋಳಿಯ ವಂಶ ಬದಲಾಯಿಸಿಕೊಂಡಿತು. ಹಳೆಯದನ್ನು ಉಳಿಸಿಕೊಂಡದ್ದು ಹತ್ತಿರದ ಸಂಬಂಧಕ್ಕೆ ಸಾಕ್ಷಿಯಲ್ಲ, ಹೊಸದಾಗಿ ಹುಟ್ಟಿದ ಲಕ್ಷಣವನ್ನು ಹಂಚಿಕೊಂಡದ್ದು ಮಾತ್ರ ಸಾಕ್ಷಿ. ಇದನ್ನು ಕಡ್ಡಾಯ ನಿಯಮವಾಗಿ ಹಿಡಿದವನು ಜರ್ಮನಿಯ ವಿಲ್ಲಿ ಹೆನ್ನಿಗ್, 1950ರಲ್ಲಿ. ಡಾರ್ವಿನ್ 1837ರಲ್ಲೇ ಟಿಪ್ಪಣಿ ಪುಸ್ತಕದಲ್ಲಿ ಕವಲೊಡೆಯುವ ಮರ ಗೀಚಿದ್ದ, ಆದರೆ ಯಾವ ಲಕ್ಷಣವನ್ನು ಲೆಕ್ಕಕ್ಕೆ ಹಿಡಿಯಬೇಕು ಎಂಬ ಶಿಸ್ತು ಬರಲು ನೂರಕ್ಕೂ ಹೆಚ್ಚು ವರ್ಷ ಬೇಕಾಯಿತು. ಅಂದ ಹಾಗೆ, ಮೊಸಳೆ ವಂಶದ ಹಳಬರು ನೆಲದ ಮೇಲೆ ಕಾಲು ನೆಟ್ಟಗಿಟ್ಟು ಓಡುತ್ತಿದ್ದವರು. ನೆಲಕ್ಕಂಟಿ ತೆವಳುವ ಭಂಗಿ ನೀರಿಗಿಳಿದ ಮೇಲೆ ಬಂದದ್ದು.

ಚಂದ್ರಗಿರಿ ಹೊಳೆಯ ಮೆತ್ತನೆ ಚಿಪ್ಪಿನ ದೊಡ್ಡ ಆಮೆಯನ್ನೂ ಸೇರಿಸಿದರೆ? ಆಮೆಯ ತಲೆಬುರುಡೆಯಲ್ಲಿ ಆ ಕಿಂಡಿಗಳೇ ಇಲ್ಲ, ಅದಕ್ಕೆ ಬಹುಕಾಲ ಅದನ್ನು ಎಲ್ಲ ಸರೀಸೃಪಗಳ ಹೊರಗೆ ಇಟ್ಟಿದ್ದರು. ಡಿಎನ್‌ಎ ಓದಿದ ಮೇಲೆ ಅದು ಬಂದು ಕೂತದ್ದು ಮೊಸಳೆ ಕೋಳಿ ಜೋಡಿಯ ಒತ್ತಿಗೆ. ಕಿಂಡಿ ಇದ್ದು ಮುಚ್ಚಿಹೋದದ್ದು. ಕಡಲಿನ ಡಾಲ್ಫಿನ್ನಿನದ್ದೂ ಇಂಥದ್ದೇ ಕಥೆ: ಅಂಗಳದ ದನಕ್ಕೆ ಕುದುರೆಗಿಂತ ಅದು ಹತ್ತಿರ. ಇಡುಕ್ಕಿಯಲ್ಲಿ ಸಿಕ್ಕಿದ ಪಾತಾಳಕಪ್ಪೆಯನ್ನು 2003ರಲ್ಲಿ ಎಸ್. ಡಿ. ಬಿಜು ಮತ್ತು ಫ್ರಾಂಕಿ ಬೊಸ್ಯುಟ್ ಹೊಸ ಪ್ರಭೇದವೆಂದು ವಿವರಿಸಿದಾಗ ಅದರ ಹತ್ತಿರದ ನೆಂಟರು ಘಟ್ಟದ ಬೇರಾವ ಕಪ್ಪೆಯೂ ಅಲ್ಲ, ಹಿಂದೂ ಮಹಾಸಾಗರದ ಸೇಶೆಲ್ಸ್ ದ್ವೀಪಗಳ ಕಪ್ಪೆಗಳು ಎಂದು ಡಿಎನ್‌ಎ ಮರ ಹೇಳಿತು. ಸೇಶೆಲ್ಸ್ ಮತ್ತು ಭಾರತ ಒಂದೇ ಭೂಖಂಡವಾಗಿದ್ದ ಕಾಲದ ಗುರುತು ಅದು.

ಈಗ ಡಿಎನ್‌ಎಯಿಂದ ಮರ ಕಟ್ಟುವ ನಿನ್ನ ಪ್ರಾಜೆಕ್ಟು. ಹತ್ತು ಪ್ರಭೇದಕ್ಕೆ ಬೇರುಳ್ಳ ಮರಗಳು 3,44,59,425, ಹಾಗಾಗಿ ಕೈಯಲ್ಲಿ ಆಗುವ ಕೆಲಸ ಅಲ್ಲ. ಮೆಗಾ ಎಂಬ ತಂತ್ರಾಂಶ ಉಚಿತ, ಲ್ಯಾಪ್‌ಟಾಪ್‌ನಲ್ಲಿ ನಡೆಯುತ್ತದೆ. ಜೀನ್ ಆರಿಸುವಾಗಲೇ ಅರ್ಧ ಫಲಿತಾಂಶ ನಿಂತಿರುತ್ತದೆ. ಎಲ್ಲರೂ ಬಳಸುತ್ತಾರೆ ಎಂದು ನೀನು ತೆಗೆದುಕೊಂಡ ಮೈಟೊಕಾಂಡ್ರಿಯಾದ ಸಿಒಐ ಜೀನ್, ಸುಮಾರು 650 ಡಿಎನ್‌ಎ ಅಕ್ಷರದ ತುಂಡು, ಒಂದೇ ಕುಲದ ಕಪ್ಪೆಗಳನ್ನು ಬೇರ್ಪಡಿಸಲು ಒಳ್ಳೆಯದು. 30 ಕೋಟಿ ವರ್ಷದ ಕವಲಿಗೆ ಅದು ಆಗದು. ಅಷ್ಟು ಕಾಲದಲ್ಲಿ ಒಂದೇ ಜಾಗದ ಅಕ್ಷರ ಹಲವು ಸಲ ಬದಲಾಗಿ ಹಳೆಯ ಗುರುತು ಅಳಿಸಿಹೋಗಿರುತ್ತದೆ, ಪ್ರತಿ ಮೂರನೆಯ ಅಕ್ಷರದಲ್ಲಂತೂ ಪೂರ್ತಿ. ಈ ಐವರಿಗೆ ನಿಧಾನ ಬದಲಾಗುವ ರ್‍ಯಾಗ್-1 ಜೀನ್ ತೆಗೆದುಕೋ, ಅದು ಸುಮಾರು 3,000 ಅಕ್ಷರ ಉದ್ದ. ಡಿಎನ್‌ಎ ಸಾಲುಗಳ ಸಾರ್ವಜನಿಕ ಭಂಡಾರವಾದ ಜೆನ್‌ಬ್ಯಾಂಕಿನಿಂದ ಫಾಸ್ಟಾ ರೂಪದಲ್ಲಿ, ಅಂದರೆ ಅಕ್ಷರಗಳ ಸರಳ ಫೈಲಾಗಿ, ಇಳಿಸಿಕೋ. ನಮ್ಮ ಮೊಸಳೆಯದ್ದು ಸಿಗದಿದ್ದರೆ ಅದೇ ಕುಲದ ಬೇರೆ ಪ್ರಭೇದದ್ದು ಸಾಕು. ಕೆಲವು ತುಂಡುಗಳು ಗಿಡ್ಡ ಇರುತ್ತವೆ. ಎಲ್ಲರಲ್ಲೂ ಇರುವ ಭಾಗಕ್ಕೆ ಕತ್ತರಿಸು.

ಆಮೇಲೆ ಅಲೈನ್‌ಮೆಂಟ್, ಅಂದರೆ ಎಲ್ಲರ ಅಕ್ಷರಸಾಲುಗಳನ್ನು ಒಂದರ ಕೆಳಗೊಂದು ಹೊಂದಿಸಿ ಇಡುವುದು. ಮೇಲಿಂದ ಕೆಳಗಿನ ಒಂದು ಕಂಬಸಾಲಿನಲ್ಲಿರುವ ಅಕ್ಷರಗಳೆಲ್ಲ ಒಂದೇ ಪೂರ್ವಜ ಅಕ್ಷರದಿಂದ ಬಂದವು ಎಂದು ಹೇಳುವ ಹೆಜ್ಜೆ ಇದು. ಇಲ್ಲಿ ತಪ್ಪಿದರೆ ಮುಂದೆ ಯಾವ ವಿಧಾನವೂ ಕಾಪಾಡದು. ಮೆಗಾದ ಮಸಲ್ ಎಂಬ ಆಯ್ಕೆಯಲ್ಲಿ ಕೋಡಾನ್ (ಮೂರು ಅಕ್ಷರದ ಗುಂಪು) ಪ್ರಕಾರ ಜೋಡಿಸು, ನಂತರ ಅಮಿನೊ ಆಮ್ಲಕ್ಕೆ ಅನುವಾದಿಸಿ ನೋಡು. ನಡುವೆ ನಕ್ಷತ್ರ ಚಿಹ್ನೆ (ಪ್ರೋಟೀನು ಇಲ್ಲಿಗೆ ಮುಗಿಯಿತು ಎಂಬ ಗುರುತು) ಕಂಡರೆ ಓದಿನ ಚೌಕಟ್ಟು ಒಂದೆರಡು ಅಕ್ಷರ ಜಾರಿದೆ ಎಂದರ್ಥ. ಒಂದು ಸಾಲು ಮಾತ್ರ ಉಳಿದವಕ್ಕೆ ಎಲ್ಲೂ ಹೊಂದದಿದ್ದರೆ ಅದನ್ನು ಯಾರೋ ಹಿಮ್ಮುಖವಾಗಿ ಸೇರಿಸಿರಬಹುದು. ರಿವರ್ಸ್ ಕಾಂಪ್ಲಿಮೆಂಟ್ ಮಾಡು, ಅಂದರೆ ಸಾಲನ್ನು ತಿರುಗಿಸಿ ಪ್ರತಿ ಅಕ್ಷರಕ್ಕೂ ಅದರ ಜೋಡಿ ಅಕ್ಷರ ಹಾಕು. ನೀನೇ ಕಟ್ಟಿ ಕಳಿಸಿದ ಎರಡನೇ ಮರದಲ್ಲಿ ಉಡದ ಕೊಂಬೆ ಉಳಿದವಕ್ಕಿಂತ ಎಷ್ಟೋ ಪಟ್ಟು ಉದ್ದ ಇರುವುದಕ್ಕೆ ಇದೇ ಕಾರಣವೋ ಎಂದು ನನಗೆ ಗುಮಾನಿ.

ಅಕ್ಷರಗಳು ಹೇಗೆ ಬದಲಾಗುತ್ತವೆ ಎಂಬ ಲೆಕ್ಕದ ಮಾದರಿಯನ್ನು ತಂತ್ರಾಂಶವೇ ಹೋಲಿಸಿ ಆರಿಸಿಕೊಡುತ್ತದೆ. ಮ್ಯಾಕ್ಸಿಮಮ್ ಲೈಕ್ಲಿಹುಡ್ ವಿಧಾನ (ನಿನ್ನ ದತ್ತಾಂಶ ಬರುವ ಸಂಭವ ಯಾವ ಮರದಲ್ಲಿ ಅತಿ ಹೆಚ್ಚೋ ಅದನ್ನು ಹುಡುಕುವುದು) ಹಾಕು, ಬೂಟ್‌ಸ್ಟ್ರಾಪ್ 1,000. ಬೂಟ್‌ಸ್ಟ್ರಾಪ್ ಎಂದರೆ ನಿನ್ನ 3,000 ಕಂಬಸಾಲುಗಳಿಂದ ಕಣ್ಣುಮುಚ್ಚಿ 3,000 ಸಲ ಹೆಕ್ಕುವುದು, ಹೆಕ್ಕಿದ್ದನ್ನು ಪ್ರತಿ ಸಲ ವಾಪಸು ಹಾಕುತ್ತಾ. ಕೆಲವು ಎರಡು ಮೂರು ಸಲ ಬರುತ್ತವೆ, ಕೆಲವು ಬರುವುದೇ ಇಲ್ಲ. ಅದರಿಂದ ಒಂದು ಮರ. ಹೀಗೆ ಸಾವಿರ ಮರ. ಮೊಸಳೆ ಕೋಳಿ ಜೋಡಿ 870 ಮರಗಳಲ್ಲಿ ಬಂದರೆ ಆ ಗಂಟಿನ ಮೇಲೆ 87 ಎಂದು ಬರೆಯುತ್ತದೆ. 70ಕ್ಕಿಂತ ಕೆಳಗಿನ ಗಂಟಿನ ಮೇಲೆ ಮಾತು ಕಟ್ಟಬೇಡ. ಹಾಗೆಂದು 100 ಬಂದರೆ ಸತ್ಯ ಎಂದೂ ಅಲ್ಲ. ವೇಗವಾಗಿ ಬದಲಾದ ಎರಡು ಉದ್ದ ಕೊಂಬೆಗಳು ಸಂಬಂಧವಿಲ್ಲದೆಯೂ ಒಂದಕ್ಕೊಂದು ಅಂಟಿಕೊಳ್ಳುತ್ತವೆ, ದತ್ತಾಂಶ ಹೆಚ್ಚಿದಷ್ಟೂ ಆ ತಪ್ಪು ಗಟ್ಟಿಯಾಗುತ್ತದೆ. ಜೋಸೆಫ್ ಫೆಲ್ಸೆನ್‌ಸ್ಟೀನ್ 1978ರಲ್ಲಿ ಇದನ್ನು ಗಣಿತದಲ್ಲಿ ತೋರಿಸಿದ, 1985ರಲ್ಲಿ ಬೂಟ್‌ಸ್ಟ್ರಾಪನ್ನು ಮರಗಳಿಗೆ ತಂದವನೂ ಅವನೇ. ಪರಿಹಾರ ಆ ಉದ್ದ ಕೊಂಬೆಯನ್ನು ನಡುವೆ ಮುರಿಯುವುದು: ಉಡದ ಜೊತೆ ಹಲ್ಲಿ, ಓತಿಕ್ಯಾತ, ಹಾವು ಸೇರಿಸು. ಬೇರನ್ನು ಕಪ್ಪೆಯ ಕೊಂಬೆಯ ಮೇಲೆ ನೀನೇ ಇಡಬೇಕು. ಔಟ್‌ಗ್ರೂಪಾಗಿ ಶಾರ್ಕ್ ಹಾಕುವ ಆಸೆ ಬಿಡು. ಅಷ್ಟು ದೂರದ್ದು ಎಲ್ಲಿ ಬೇಕಾದರೂ ಅಂಟೀತು.

ಒಂದು ಜೀನಿನ ಮರ ಮತ್ತು ಪ್ರಭೇದದ ಮರ ಎರಡೂ ಒಂದೇ ಅಲ್ಲ. ಮೈಟೊಕಾಂಡ್ರಿಯಾ ತಾಯಿಯಿಂದ ಮಾತ್ರ ಬರುತ್ತದೆ. ಅಳಿಯಕಟ್ಟಿನ ತರವಾಡಿನ ವಂಶಾವಳಿಯಲ್ಲಿ ಹೆಣ್ಣಿನ ಸಾಲು ಮಾತ್ರ ಇದ್ದು ಗಂಡಂದಿರು ಯಾವ ಮನೆಯಿಂದ ಬಂದರೆಂದು ತಿಳಿಯದ ಹಾಗೆ, ಆ ಮರದಲ್ಲಿ ತಂದೆಯ ಕಡೆಯದ್ದು ಏನೂ ಕಾಣದು. ಹಿಮಕರಡಿಯ ಮೈಟೊಕಾಂಡ್ರಿಯಾ ಮರ ನೋಡಿದರೆ ಅದು ಕಂದು ಕರಡಿಗಳ ನಡುವಿನ ಒಂದು ಕೊಂಬೆ. ಕೋಶಕೇಂದ್ರದ ಡಿಎನ್‌ಎ ನೋಡಿದರೆ ಅದರದ್ದೇ ಪ್ರತ್ಯೇಕ ವಂಶ. ಹಿಂದೆ ಎರಡರ ನಡುವೆ ಬೆರಕೆ ನಡೆದ ಗುರುತು ಇದು. ಹಾಗಾಗಿ ಎರಡು ಜೀನಿನ ಮರಗಳು ಜಗಳವಾಡಿದರೆ ಒಂದನ್ನು ಅಳಿಸಬೇಡ, ಎರಡನ್ನೂ ಪಕ್ಕಪಕ್ಕ ಇಟ್ಟು ಬರೆ.

ಚಿತ್ರದ ಕೆಳಗೆ ಅಳತೆಪಟ್ಟಿ ಇರಲಿ. 0.05 ಎಂದಿದ್ದರೆ ಅಷ್ಟು ಉದ್ದದ ಕೊಂಬೆಯಲ್ಲಿ ನೂರು ಜಾಗಕ್ಕೆ ಸರಾಸರಿ ಐದು ಬದಲಾವಣೆ. ಅದು ವರ್ಷ ಅಲ್ಲ; ವರ್ಷ ಬೇಕಾದರೆ ಕಾಲ ತಿಳಿದ ಪಳೆಯುಳಿಕೆಯನ್ನು ಗಂಟಿಗೆ ಕಟ್ಟಿ ಲೆಕ್ಕ ಹಾಕಬೇಕು, ಈ ಸಲ ಅದು ಬೇಡ. ಅಡಿಬರಹದಲ್ಲಿ ಜೀನ್, ಕತ್ತರಿಸಿದ ನಂತರದ ಉದ್ದ, ಮಾದರಿ, ಔಟ್‌ಗ್ರೂಪ್, ಬೂಟ್‌ಸ್ಟ್ರಾಪ್ ಸಂಖ್ಯೆ, ಪ್ರತಿ ಪ್ರಭೇದದ ಜೆನ್‌ಬ್ಯಾಂಕ್ ಸಂಖ್ಯೆ, ಇಷ್ಟೂ ಬರಬೇಕು. ಶನಿವಾರದೊಳಗೆ ಹೊಸ ಮರ ಕಳಿಸು. ಜೊತೆಗೆ ಅಲೈನ್‌ಮೆಂಟ್ ಫೈಲೂ ಇರಲಿ. ಮರದ ಚಿತ್ರ ಒಂದೇ ನೋಡಿ ಉಡ ಎಲ್ಲಿ ಎಡವಿತು ಎಂದು ಹೇಳಲು ನನ್ನಿಂದಾಗದು.

ನಿನ್ನ
ಅಮ್ಮ