ಆಶ್ರಯ ಕೊಟ್ಟವರನ್ನು ಮರೆತ ‘ಆರ್ಗೋ’

ಮಾನ್ಯರೇ,

ಇರಾನಿನಿಂದ ಅಮೆರಿಕದ ಅಧಿಕಾರಿಗಳನ್ನು ಗುಟ್ಟಾಗಿ ಪಾರುಮಾಡಿದ ಕಥೆ ಹೇಳುವ, ಬೆನ್ ಅಫ್ಲೆಕ್ ನಿರ್ದೇಶಿಸಿ ನಟಿಸಿದ ‘ಆರ್ಗೋ’ ಉಸಿರು ಬಿಗಿಹಿಡಿದು ನೋಡುವಂಥ ಚಿತ್ರ, ಅದರಲ್ಲಿ ಎರಡು ಮಾತಿಲ್ಲ. 2013ರಲ್ಲಿ ಅತ್ಯುತ್ತಮ ಚಿತ್ರದ ಆಸ್ಕರ್ ಕೂಡ ಬಂತು. ಆದರೆ ಅದನ್ನೇ ಇತಿಹಾಸವೆಂದು ನಂಬುವವರನ್ನು ಕಂಡಾಗ ಸಂಕಟವಾಗುತ್ತದೆ.

1979ರ ನವೆಂಬರ್ 4ರಂದು ಟೆಹರಾನಿನ ಅಮೆರಿಕ ರಾಯಭಾರ ಕಚೇರಿ ವಿದ್ಯಾರ್ಥಿಗಳ ವಶವಾದಾಗ ಆರು ಮಂದಿ ಅಧಿಕಾರಿಗಳು ಸೆರೆಯಿಂದ ತಪ್ಪಿಸಿಕೊಂಡರು. ಅವರನ್ನು ಮನೆಯಲ್ಲಿ ಇರಿಸಿಕೊಂಡವರು ಕೆನಡಾದ ರಾಯಭಾರಿ ಕೆನ್ ಟೇಲರ್ ಮತ್ತು ವಲಸೆ ಅಧಿಕಾರಿ ಜಾನ್ ಶಿಯರ್‌ಡೌನ್. ಅದೂ ಒಂದೆರಡು ದಿನವಲ್ಲ, ಹೆಚ್ಚುಕಡಿಮೆ ಎರಡೂವರೆ ತಿಂಗಳು! ಗುಟ್ಟು ಹೊರಬಿದ್ದಿದ್ದರೆ ಆ ಎರಡು ಕುಟುಂಬಗಳ ಗತಿ ಏನಾಗುತ್ತಿತ್ತೋ. ಚಿತ್ರದಲ್ಲಿ ಶಿಯರ್‌ಡೌನ್ ಅವರ ಪಾತ್ರವೇ ಇಲ್ಲ. ಬ್ರಿಟಿಷರೂ ನ್ಯೂಜಿಲೆಂಡಿನವರೂ ಆಶ್ರಯ ಕೊಡದೆ ಕಳಿಸಿದರು ಎಂಬ ಮಾತು ಬೇರೆ ಬರುತ್ತದೆ. ನಿಜಕ್ಕೂ ಎರಡೂ ದೇಶದವರು ನೆರವಾಗಿದ್ದರು. ನೊಂದ ನ್ಯೂಜಿಲೆಂಡ್ ಸಂಸತ್ತು 2013ರಲ್ಲಿ ಇದರ ಬಗ್ಗೆ ನಿರ್ಣಯವನ್ನೇ ಅಂಗೀಕರಿಸಿತು.

ಅಮೆರಿಕದ ಗುಪ್ತಚರ ಸಂಸ್ಥೆ ಸಿಐಎಯ ಟೋನಿ ಮೆಂಡೆಜ್ ಹಾಲಿವುಡ್‌ನಲ್ಲಿ ನಕಲಿ ಚಿತ್ರ ಸಂಸ್ಥೆಯೊಂದನ್ನು ಹುಟ್ಟುಹಾಕಿ, ಆರೂ ಜನರನ್ನು ಶೂಟಿಂಗ್ ಸ್ಥಳ ನೋಡಲು ಬಂದ ಕೆನಡಾದವರೆಂದು ಬಿಂಬಿಸಿ ಹೊರತಂದದ್ದು ಸತ್ಯ. ಅದಕ್ಕೆ ಬೇಕಾದ ಅಸಲಿ ಪಾಸ್‌ಪೋರ್ಟ್ ಕೊಟ್ಟದ್ದು ಮಾತ್ರ ಕೆನಡಾ ಸರ್ಕಾರ. ಪಾಸ್‌ಪೋರ್ಟಿನ ವೀಸಾ ಮೊಹರಿನಲ್ಲಿ ಇರಾನಿ ಪಂಚಾಂಗದ ಲೆಕ್ಕ ತಪ್ಪಿ ದಿನಾಂಕವೇ ಎಡವಟ್ಟಾಗಿತ್ತು. ಅದನ್ನು ಗುರುತಿಸಿದವರು ಟೆಹರಾನಿನಲ್ಲಿದ್ದ ಕೆನಡಾದ ಸಿಬ್ಬಂದಿ. ವಿಮಾನ ನಿಲ್ದಾಣದ ಅಧಿಕಾರಿಯ ಕಣ್ಣಿಗೆ ಅದು ಬಿದ್ದಿದ್ದರೆ ಅಲ್ಲಿಗೆ ಕಥೆ ಮುಗಿಯುತ್ತಿತ್ತು. ಇದಕ್ಕಿಂತ ಸಸ್ಪೆನ್ಸ್ ಬೇಕೆ? ಚಿತ್ರದ ಕೊನೆಯಲ್ಲಿ ರನ್‌ವೇ ಮೇಲೆ ವಾಹನಗಳು ವಿಮಾನವನ್ನು ಅಟ್ಟಿಸಿಕೊಂಡು ಬರುವ ದೃಶ್ಯ ಶುದ್ಧ ಕಲ್ಪನೆ. 1980ರ ಜನವರಿಯ ಆ ಮುಂಜಾನೆ ಸ್ವಿಸ್ ವಿಮಾನ ತಾಂತ್ರಿಕ ದೋಷದಿಂದ ತಡವಾಯಿತು, ಅಷ್ಟೇ. ಏನು ಕಾದಿದೆಯೋ ಎಂದು ಅವರು ಲಾಂಜಿನಲ್ಲಿ ಕುಳಿತ ಆ ಹೊತ್ತನ್ನು ತೋರಿಸಿದ್ದರೆ ಸಾಕಿತ್ತು. ಯೋಜನೆಯಲ್ಲಿ ಶೇ 90ರಷ್ಟು ಪಾಲು ಕೆನಡಾದ್ದು ಎಂದು ಆಗ ಅಮೆರಿಕದ ಅಧ್ಯಕ್ಷರಾಗಿದ್ದ ಜಿಮ್ಮಿ ಕಾರ್ಟರ್ ಅವರೇ ಹೇಳಿದ್ದಾರೆ.

ಸಿನಿಮಾಕ್ಕೆ ಸ್ವಾತಂತ್ರ್ಯ ಇರಲಿ, ಯಾರೂ ಬೇಡವೆನ್ನುವುದಿಲ್ಲ. ಆದರೆ ಜೀವ ಪಣಕ್ಕಿಟ್ಟವರ ಹೆಸರನ್ನೇ ಅಳಿಸುವುದು ಅನ್ಯಾಯ. ನಿಜ ಘಟನೆ ಆಧಾರಿತ ಚಿತ್ರಗಳ ವಿಮರ್ಶೆ ಪ್ರಕಟಿಸುವಾಗ, ನಡೆದದ್ದೇನು, ಸೇರಿಸಿದ್ದೇನು ಎಂದು ತಿಳಿಸುವ ನಾಲ್ಕು ಸಾಲನ್ನು ಪಕ್ಕದಲ್ಲೇ ಕೊಡಬೇಕೆಂದು ನಿಮ್ಮ ಸಿನಿಮಾ ಪುರವಣಿಯವರಲ್ಲಿ ನನ್ನ ಕಳಕಳಿಯ ವಿನಂತಿ.

– ನಿವೃತ್ತ ಇತಿಹಾಸ ಅಧ್ಯಾಪಕ, ಶಿವಮೊಗ್ಗ