3 ಗೆದ್ದು 7 ಸೋತವರಿಗೆ ಒಂದು ಥ್ಯಾಂಕ್ಸ್

ಕಳೆದ ಶನಿವಾರ ಮಗನ ಕಾಲೇಜಿನ ಫುಟ್‌ಬಾಲ್ ಸೀಸನ್ ಮುಗಿಯಿತು. 10 ಆಟ, 3 ಗೆಲುವು, 7 ಸೋಲು. ಅವನ ನಾಲ್ಕು ವರ್ಷದ ಆಟವೂ ಅಲ್ಲಿಗೇ ಮುಗಿಯಿತು. ಇಂಗ್ಲಿಷ್‌ನಲ್ಲಿ ಕಾರ್ಡು ಬರೆದು ಎಲ್ಲರಿಗೂ ಕೊಟ್ಟಾಯಿತು. ಆದರೂ ಹೇಳುವುದು ಇನ್ನೂ ಉಳಿದಿದೆ ಅನ್ನಿಸುತ್ತಿದೆ. ಅದು ಕನ್ನಡದಲ್ಲೇ ಬರಬೇಕು.

ಊರಲ್ಲಿರುವವರಿಗೆ ಮೊದಲೇ ಹೇಳಿಬಿಡುತ್ತೇನೆ. ಇದು ಅಮೆರಿಕನ್ ಫುಟ್‌ಬಾಲ್. ಟಿವಿಯಲ್ಲಿ ಬರುವ ದೊಡ್ಡ ಯೂನಿವರ್ಸಿಟಿ ಅಲ್ಲ, ಒಹಾಯೊದ ಸಣ್ಣ ಊರಿನ ಸಣ್ಣ ಕಾಲೇಜು. ಕೊಲಂಬಸ್‌ನಲ್ಲಿ ಒಹಾಯೊ ಸ್ಟೇಟ್ ಯೂನಿವರ್ಸಿಟಿಯ ಮೈದಾನದಲ್ಲಿ ಒಂದು ಲಕ್ಷಕ್ಕೂ ಜಾಸ್ತಿ ಜನ ಕೂರುತ್ತಾರೆ. ನಮ್ಮಲ್ಲಿ ಒಂದು ಸಾವಿರ ಜನ ಬಂದರೆ ಹಬ್ಬ. ಇದು ಮೂರನೇ ಡಿವಿಷನ್. ಇಲ್ಲಿ ಆಟಕ್ಕೆಂದು ಸ್ಕಾಲರ್‌ಶಿಪ್ ಕೊಡುವಂತೆಯೇ ಇಲ್ಲ. ಹುಡುಗರು ಫೀಸು ಕಟ್ಟಿ, ಬೆಳಗಿನ ಕತ್ತಲಲ್ಲಿ ಎದ್ದು ಜಿಮ್‌ಗೆ ಹೋಗಿ, ಆಮೇಲೆ ಕೆಮಿಸ್ಟ್ರಿ ಲ್ಯಾಬಿನಲ್ಲಿ ತೂಕಡಿಸುತ್ತಾರೆ. ಯಾಕ್ರಪ್ಪಾ ಅಂದರೆ ಸುಮ್ನೆ ನಗುತ್ತಾರೆ.

ಮಗ ಲಾಂಗ್ ಸ್ನ್ಯಾಪರ್. ಹಾಗಂದರೇನು ಅಂತ ತಿಳಿಯಲು ನನಗೇ ಒಂದು ವರ್ಷ ಬೇಕಾಯಿತು. 10 ಗಜ ಮುಂದೆ ಹೋಗಲು 4 ಅವಕಾಶ ಇರುತ್ತದೆ. ಮೂರೂ ಕೆಟ್ಟರೆ ನಾಲ್ಕನೆಯದರಲ್ಲಿ ಸಾಮಾನ್ಯವಾಗಿ ಚೆಂಡನ್ನು ದೂರ ಒದ್ದು ಎದುರಾಳಿಗೆ ಬಿಟ್ಟುಕೊಡುತ್ತಾರೆ. ಅದಕ್ಕೆ ಪಂಟ್ ಅನ್ನುತ್ತಾರೆ. ಒದೆಯುವ ಹುಡುಗ ಸುಮಾರು 15 ಗಜ ಹಿಂದೆ ನಿಂತಿರುತ್ತಾನೆ. ನನ್ನ ಮಗ ಬಗ್ಗಿ, ತಲೆ ಕೆಳಗೆ ಹಾಕಿ, ಎರಡು ಕಾಲಿನ ನಡುವಿನಿಂದ ಚೆಂಡನ್ನು ನೇರ ಅವನ ಕೈಗೆ ಎಸೆಯಬೇಕು. ಚೆಂಡು ತಲುಪಲು ಒಂದು ಸೆಕೆಂಡೂ ಹಿಡಿಯಬಾರದು. ಅವನ ತಲೆ ಕೆಳಗಿರುತ್ತದಲ್ಲ, ಹಾಗಾಗಿ ಚೆಂಡು ಬಿಟ್ಟ ಮೇಲೆ ಒಂದು ಸೆಕೆಂಡು ಅವನನ್ನು ಯಾರೂ ಗುದ್ದುವಂತಿಲ್ಲ ಅಂತ ನಿಯಮ ಇದೆ. ಆ ನಿಯಮ ಮಾಡಿದ ಪುಣ್ಯಾತ್ಮರು ಯಾರೋ, ಅವರಿಗೆ ಹೆತ್ತವಳ ಮೊದಲ ನಮಸ್ಕಾರ.

ದಾವಣಗೆರೆಯಲ್ಲಿ ನಮ್ಮಪ್ಪ ಒಂದು ಕಾಲದ ವಿಕೆಟ್ ಕೀಪರ್. ಇಲ್ಲಿ ಮಧ್ಯಾಹ್ನ 1 ಗಂಟೆಗೆ ಆಟ ಅಂದರೆ ಅಲ್ಲಿ ರಾತ್ರಿ 10:30. ನವೆಂಬರ್‌ನಲ್ಲಿ ನಾವು ಗಡಿಯಾರ ಹಿಂದಿಟ್ಟ ಮೇಲೆ 11:30. ಅಷ್ಟು ಹೊತ್ತಿನಲ್ಲೂ ಫೋನ್ ಹಿಡಿದು ಲೈವ್ ನೋಡುತ್ತಿದ್ದರು. "ಇದು ಕೀಪಿಂಗ್ ಥರಾನೇ ಕಣಮ್ಮಾ. ಹಿಡಿದದ್ದು ಯಾರಿಗೂ ನೆನಪಿರಲ್ಲ, ಬಿಟ್ಟದ್ದು ಊರಿಗೆಲ್ಲ ಗೊತ್ತಾಗುತ್ತೆ" ಅಂದಿದ್ದರು.

ಅಕ್ಟೋಬರ್‌ನಲ್ಲಿ ಹಾಗೇ ಆಯಿತು. ಬೇರೆ ಊರಲ್ಲಿ ಆಟ, ಜಡಿಮಳೆ. 14–13ರಲ್ಲಿ ನಾವು ಮುಂದಿದ್ದೆವು. ಕೊನೆಯ ಕೆಲವೇ ನಿಮಿಷ ಬಾಕಿ. ಒದ್ದೆ ಚೆಂಡು ಮಗನ ಕೈಯಿಂದ ಜಾರಿ ಪಂಟ್ ಮಾಡುವವನ ತಲೆ ಮೇಲೆ ಹಾರಿ ನಮ್ಮದೇ ಕೊನೆ ಗೆರೆ ದಾಟಿ ಹೋಯಿತು. ಅವರಿಗೆ 2 ಅಂಕ. 15–14, ಸೋತೆವು. ನಾನು ಬಸ್ಸಿನ ಹತ್ತಿರ ಹೋದಾಗ ಮಗ ಕಿಟಕಿಗೆ ಹಣೆ ಒತ್ತಿ ಕೂತಿದ್ದ. ಪಕ್ಕದಲ್ಲಿ ಅದೇ ಪಂಟ್ ಹುಡುಗ. ಏನೂ ಮಾತಿಲ್ಲ. ತನ್ನ ಸ್ಯಾಂಡ್‌ವಿಚ್ ಮುರಿದು ಅರ್ಧ ಇವನ ತೊಡೆ ಮೇಲಿಟ್ಟ. ಆ ಅರ್ಧ ಸ್ಯಾಂಡ್‌ವಿಚ್‌ನ ಋಣ ನನ್ನ ಮೇಲಿದೆ ಮಗಾ.

ಕೋಚ್ ಕೂಡ ಬೈಯಲಿಲ್ಲ. ಸೋಮವಾರ ಒಂದು ಬಕೆಟ್ ನೀರು ತಂದಿಟ್ಟರಂತೆ. ಸಾಮಾನು ನೋಡಿಕೊಳ್ಳುವ ಅಜ್ಜ ಚೆಂಡು ಅದ್ದಿ ಅದ್ದಿ ಕೊಡುವುದು, ಇವನು ಎಸೆಯುವುದು. ದಿನಕ್ಕೆ 50. ಅಜ್ಜನ ಕೈ ಚಳಿಗೆ ಕೆಂಪಾಗಿ ಬಿರಿದಿದ್ದನ್ನು ನಾನೇ ಕಣ್ಣಾರೆ ಕಂಡೆ. ಅವರಿಗೆ ಕೊಬ್ಬರಿ ಎಣ್ಣೆ ಡಬ್ಬಿ ಕೊಟ್ಟಿದ್ದೇನೆ. ಹಚ್ಚಿಕೊಂಡರೋ, ಬ್ರೆಡ್ಡಿಗೆ ಸವರಿದರೋ ಗೊತ್ತಿಲ್ಲ. ಸೀಸನ್ ಮುಗಿಯುವವರೆಗೆ ಮಗನ ಚೆಂಡು ಮತ್ತೆ ತಪ್ಪಲಿಲ್ಲ.

ಕಾಲಿಗೆ ಟೇಪು ಸುತ್ತಿದ ಟ್ರೇನರ್, ಬಸ್ ಡ್ರೈವರ್, ಅಂಕಿಅಂಶ ಬರೆದ ಹುಡುಗಿ, ಎಲ್ಲರಿಗೂ ಥ್ಯಾಂಕ್ಸ್. ಆಟಕ್ಕೆ ಮುಂಚೆ ಪಾರ್ಕಿಂಗ್ ಜಾಗದಲ್ಲಿ ನಡೆಯುವ ಊಟದಲ್ಲಿ ನನ್ನ ಮಂಡಕ್ಕಿ-ಮೆಣಸಿನಕಾಯಿಗೆ ಟೇಬಲ್ ಬಿಟ್ಟುಕೊಟ್ಟ ಅಮ್ಮಂದಿರಿಗೂ. 130 ಕೆಜಿಯ ಹುಡುಗನೊಬ್ಬ ಒಂದು ಮೆಣಸಿನಕಾಯಿ ತಿಂದು ಕಣ್ಣೀರಿಟ್ಟು, ಮುಂದಿನ ವಾರ ಮೊದಲ ಪಾಳಿಯಲ್ಲಿ ನಿಂತಿದ್ದ!

ಮೈಕಿನಲ್ಲಿ ಹೆಸರು ಕೂಗುವವರ ಬಗ್ಗೆ ಹೇಳದಿದ್ದರೆ ತಪ್ಪಾಗುತ್ತದೆ. ನಮ್ಮ ಮನೆತನದ ಹೆಸರು 'ಹಳ್ಳಿ'ಯಲ್ಲಿ ಮುಗಿಯುತ್ತದೆ. ಮೂರು ವರ್ಷ ಅವರು 'ಹಲ್ಲಿ' ಅಂತಲೇ ಕೂಗಿದರು. ನಾವು ಗಂಡ ಹೆಂಡತಿ ಒಬ್ಬರ ಮುಖ ಒಬ್ಬರು ನೋಡಿಕೊಂಡು ನಗುತ್ತಿದ್ದೆವು. ಈ ವರ್ಷ ಅವರೇ ಬಂದು, "ನೀವು ಹೇಳಿ, ರೆಕಾರ್ಡ್ ಮಾಡಿಕೊಳ್ಳುತ್ತೇನೆ" ಅಂದರು. ಕೊನೆ ವರ್ಷದ ಹುಡುಗರನ್ನು ಅಪ್ಪ ಅಮ್ಮನ ಜೊತೆ ಮೈದಾನದೊಳಗೆ ನಡೆಸುತ್ತಾರೆ. ಆ ದಿನ ಸ್ಪೀಕರಿನಲ್ಲಿ 'ಹಳ್ಳಿ' ಅಂತ ಕೇಳಿಸಿತು. ಪೂರ್ತಿ 'ಳ' ಅಲ್ಲ, ಮುಕ್ಕಾಲು 'ಳ'. ಅಲ್ಲಿವರೆಗೂ ಅಳದೆ ತಡೆದುಕೊಂಡಿದ್ದೆ.

ಅವತ್ತು ಆ ಚಳಿಯಲ್ಲಿ ಕೊಲಂಬಸ್‌ನಿಂದ ಮಂಕಿ ಕ್ಯಾಪ್ ಹಾಕಿಕೊಂಡು ಬಂದು, ಎಲ್ಲಿ ಚಪ್ಪಾಳೆ ತಟ್ಟಬೇಕೋ ಗೊತ್ತಿಲ್ಲದೆ ಎಲ್ಲದಕ್ಕೂ ತಟ್ಟಿದ ನಮ್ಮ ಕನ್ನಡದ ಮೂರು ಮನೆಯವರಿಗೆ ಏನು ಹೇಳಲಿ! ಬಿಸಿಬೇಳೆಬಾತ್‌ಗೆ ಕರೆಯುತ್ತೇನೆ, ಬನ್ನಿ.

ಇನ್ನೊಂದು ವಿಷಯ. ಕೊನೆ ಆಟದ ದಿನ ನನ್ನ ದೊಡ್ಡ ಸ್ಟೀಲ್ ಡಬ್ಬಿ ಯಾರದೋ ಕಾರಿನಲ್ಲಿ ಹೋಗಿದೆ. ವಾಪಸ್ ಬೇಡ, ಇಟ್ಟುಕೊಳ್ಳಿ. ಮುಚ್ಚಳ ಮಾತ್ರ ನಮ್ಮ ಮನೆಯಲ್ಲೇ ಉಳಿದಿದೆ, ಬಂದು ತೆಗೆದುಕೊಂಡು ಹೋಗಿ.