ಸಾವಿರ ಲೀಟರಿಗೆ ಎಷ್ಟು ಯೂನಿಟ್?

ಸಂಪಾದಕರಿಗೆ,

ಮಾನ್ಯರೇ,

ಕಲ್ಯಾಣ, ಡೊಂಬಿವಲಿ, ಉಲ್ಲಾಸನಗರದ ಕಡೆ ಇರುವ ಕನ್ನಡಿಗರ ನಲ್ಲಿಯಲ್ಲಿ ಬೇಸಿಗೆಗೆ ಬರುವ ನೀರಿನ ಒಂದು ಪಾಲು ಭೀಮಾ ಕೊಳ್ಳದ್ದು. ಮಾವಳ ತಾಲ್ಲೂಕಿನ ಠೋಕರವಾಡಿ ಅಣೆಕಟ್ಟಿನಲ್ಲಿ ನಿಂತ ನೀರು ತನ್ನ ಪಾಡಿಗೆ ಹರಿದಿದ್ದರೆ ಇಂದ್ರಾಯಣಿ ಸೇರಿ, ಭೀಮೆಯಾಗಿ, ಇಂಡಿ, ಅಫಜಲಪುರದ ಮಗ್ಗುಲಿನಿಂದ ಕೃಷ್ಣೆಗೆ ಹೋಗಬೇಕಿತ್ತು. 1922ರಿಂದ ಅದು ಸಹ್ಯಾದ್ರಿಯ ಈಚೆಗೆ ತಿರುಗಿ, ಭಿವಪುರಿಯಲ್ಲಿ ಟರ್ಬೈನು ತಿರುಗಿಸಿ, ಉಲ್ಲಾಸ ನದಿಗೆ ಬೀಳುತ್ತಿದೆ. ಖೋಪೋಲಿ ವಿದ್ಯುದಾಗಾರದ (1915) ನೀರು ಪಾತಾಳಗಂಗೆಗೆ, ಭಿರಾದ್ದು (1927) ಕುಂಡಲಿಕಾ ನದಿಗೆ ಹೋಗುತ್ತದೆ. ಮೂರೂ ಟಾಟಾ ಕಂಪನಿಯವು. ಭಿರಾಕ್ಕೆ ನೀರು ಕೊಡುವ ಮುಳಶಿ ಅಣೆಕಟ್ಟಿನ ವಿರುದ್ಧವೇ 1921ರಲ್ಲಿ ರೈತರ ಸತ್ಯಾಗ್ರಹ ನಡೆದದ್ದು, ಅದರ ಮುಂದಾಳು ಸೇನಾಪತಿ ಬಾಪಟರು ಜೈಲಿಗೆ ಹೋದದ್ದು.

ಈ ನೀರು ಘಟ್ಟದಲ್ಲಿ ಸುಮಾರು 500 ಮೀಟರ್ ಇಳಿಯುತ್ತದೆ. ಸಾವಿರ ಲೀಟರ್ ನೀರು ಅಷ್ಟು ಎತ್ತರದಿಂದ ಬಿದ್ದರೆ ಸಿಗುವ ಶಕ್ತಿ 1.36 ಯೂನಿಟ್. ಟರ್ಬೈನು, ಜನರೇಟರಿನ ನಷ್ಟ ಕಳೆದರೆ ಕೈಗೆ ಬರುವುದು 1.15ರ ಆಸುಪಾಸು. ಮುಂದಿನ ಲೆಕ್ಕಕ್ಕೆ ಈ ಅಂಕಿಯೇ ಅಳತೆಗೋಲು, ನೆನಪಿರಲಿ.

ಭೀಮೆ ಬತ್ತಿದ ವರ್ಷ ಈ ನೀರನ್ನು ಮತ್ತೆ ಪೂರ್ವಕ್ಕೆ ಬಿಡಿ ಎಂಬ ಕೂಗು ಏಳುತ್ತದೆ. ಕೂಗಿನಲ್ಲಿ ನ್ಯಾಯವಿಲ್ಲವೆಂದಲ್ಲ. ಆದರೆ ಅದನ್ನು ಬರೀ ವಿದ್ಯುತ್ತಿನ ಪ್ರಶ್ನೆ ಮಾಡುವುದು ತಪ್ಪು. ಈ ಮೂರು ಕಡೆ ಹುಟ್ಟುವ ವಿದ್ಯುತ್ತನ್ನು ಬೇರೆಲ್ಲಿಂದಲೋ ತರಬಹುದು. ಟರ್ಬೈನು ದಾಟಿ ಬರುವ ನೀರನ್ನೇ ನೆಚ್ಚಿಕೊಂಡು ನೂರು ವರ್ಷದಲ್ಲಿ ಬೆಳೆದ ಊರುಗಳಿಗೆ, ಕಾರ್ಖಾನೆಗಳಿಗೆ ಬೇರೆ ನೀರನ್ನು ಅಷ್ಟು ಸುಲಭಕ್ಕೆ ತರಲಾಗದು. ಭಿವಪುರಿಯಲ್ಲಿ 1,000 ಮೆಗಾವ್ಯಾಟ್, ಶಿರವಟೆಯಲ್ಲಿ 1,800 ಮೆಗಾವ್ಯಾಟ್ ಪಂಪ್ಡ್ ಸ್ಟೋರೇಜ್ ಘಟಕಗಳಿಗಾಗಿ 2023ರಲ್ಲಿ ಟಾಟಾ ಕಂಪನಿಗೂ ರಾಜ್ಯ ಸರ್ಕಾರಕ್ಕೂ ಒಪ್ಪಂದವಾಗಿದೆ. ಅವು ನೀರನ್ನು ಖರ್ಚು ಮಾಡುವುದಿಲ್ಲ. ಹಗಲು ಸೌರವಿದ್ಯುತ್ತು ಅಗ್ಗವಿದ್ದಾಗ ಮೇಲೆತ್ತಿ, ಸಂಜೆ ಬೇಡಿಕೆ ಏರಿದಾಗ ಇಳಿಸುತ್ತವೆ, ಹೋಗಿಬರುವುದರಲ್ಲಿ ಐದರಲ್ಲೊಂದು ಪಾಲಿನಷ್ಟು ವಿದ್ಯುತ್ತು ನಷ್ಟವಾಗುತ್ತದೆ. ಆದರೆ ಏರಿಳಿಯಲು ನೀರು ಎರಡು ಕೆರೆಗಳ ನಡುವೆ ಉಳಿಯಲೇಬೇಕು. ಮೇ ತಿಂಗಳಲ್ಲಿ ಉಲ್ಲಾಸಕ್ಕೆ ಬಿಡುವ ಪಾಲು ಎಷ್ಟು, ಅದನ್ನು ನಿಗದಿ ಮಾಡುವವರು ಯಾರು ಎಂದು ನಗರಪಾಲಿಕೆಗಳು ಈಗಲೇ ಬರಹದಲ್ಲಿ ಕೇಳಿ ಇಟ್ಟುಕೊಳ್ಳುವುದು ಒಳ್ಳೆಯದು.

ಇನ್ನು ನಮ್ಮ ವಸತಿ ಸೊಸೈಟಿಗಳ ವಿಷಯ. ಘಟ್ಟದಿಂದ ಪುಕ್ಕಟೆ ಇಳಿದ ನೀರನ್ನು ನಾವು ಕಾಸು ಕೊಟ್ಟು ಟೆರೇಸಿಗೆ ಹತ್ತಿಸುತ್ತೇವೆ. ಏಳು ಮಹಡಿಯ ಕಟ್ಟಡ ಹಿಡಿಯಿರಿ: ಕೆಳಗಿನ ಟಾಕಿಯ ನೀರಿನ ಮಟ್ಟದಿಂದ ಮೇಲಿನ ಟಾಕಿಯ ಬಾಯಿಗೆ 30 ಮೀಟರ್, ಪೈಪು, ಬೆಂಡುಗಳ ತಿಕ್ಕಾಟಕ್ಕೆ ಇನ್ನೊಂದು 3 ಮೀಟರ್. ಸಾವಿರ ಲೀಟರ್ ಎತ್ತಲು ಕನಿಷ್ಠ 0.09 ಯೂನಿಟ್ ಬೇಕು. ಪಂಪು, ಮೋಟಾರಿನ ನಷ್ಟ ಸೇರಿ ಸರಿಯಾಗಿರುವ ಸೆಟ್ಟು 0.18ರಷ್ಟು ತಿನ್ನುತ್ತದೆ. 0.25 ದಾಟಿದರೆ ಎಲ್ಲೋ ಕೆಟ್ಟಿದೆ ಎಂದೇ ಅರ್ಥ.

ಇದನ್ನು ಅಳೆಯಲು ಕನ್ಸಲ್ಟೆಂಟ್ ಬೇಕಿಲ್ಲ. ಮೇಲಿನ ಟಾಕಿ ಖಾಲಿಯಿರುವ ಹೊತ್ತು ನೋಡಿ, ಪಾಲಿಕೆಯ ನೀರು ಬರುವ ವಾಲ್ವ್ ಮುಚ್ಚಿ. ಕೆಳಗಿನ ಟಾಕಿಗೆ ಕೋಲು ಇಳಿಸಿ ಮಟ್ಟ ಗುರುತು ಮಾಡಿ. ಪಂಪನ್ನು ಸರಿಯಾಗಿ ಅರ್ಧ ಗಂಟೆ ಓಡಿಸಿ, ಮತ್ತೆ ಕೋಲು ಇಳಿಸಿ. ಕಾಮನ್ ಮೀಟರಿನಲ್ಲಿ ಲಿಫ್ಟು, ಮೆಟ್ಟಿಲ ದೀಪಗಳೂ ಸೇರಿರುವುದರಿಂದ ಅದನ್ನು ನಂಬಬೇಡಿ, ಎಲೆಕ್ಟ್ರಿಷಿಯನ್ ಕೈಲಿ ಕ್ಲ್ಯಾಂಪ್ ಮೀಟರಿನಿಂದ ಮೂರೂ ಫೇಸಿನ ಆಂಪಿಯರ್ ಓದಿಸಿ. 415 ವೋಲ್ಟ್, 8 ಆಂಪಿಯರ್, ಪವರ್ ಫ್ಯಾಕ್ಟರ್ (ಹರಿವ ಕರೆಂಟಿನಲ್ಲಿ ಕೆಲಸಕ್ಕೆ ಬರುವ ಪಾಲು) 0.8 ಎಂದಾದರೆ, ಇವನ್ನು ಮೂರು ಫೇಸಿನ ಗುಣಕ 1.73ರೊಂದಿಗೆ ಗುಣಿಸಿ: 4.6 ಕಿಲೋವ್ಯಾಟ್, ಅರ್ಧ ಗಂಟೆಗೆ 2.3 ಯೂನಿಟ್. ಟಾಕಿ 4 ಮೀಟರ್ ಉದ್ದ, 3 ಮೀಟರ್ ಅಗಲವಿದ್ದು ನೀರು 1 ಮೀಟರ್ ಇಳಿದಿದ್ದರೆ ಏರಿದ್ದು 12,000 ಲೀಟರ್. ಅಂದರೆ ಸಾವಿರಕ್ಕೆ 0.19. ಆಂಪಿಯರ್ ಅಷ್ಟೇ ಇದ್ದು 50 ಸೆಂಟಿಮೀಟರ್ ಮಾತ್ರ ಇಳಿದಿದ್ದರೆ 0.38. ನಲವತ್ತು ಮನೆ, ಮನೆಗೆ ದಿನಕ್ಕೆ 650 ಲೀಟರ್ ಎಂದರೆ ಇವೆರಡರ ಅಂತರ ತಿಂಗಳಿಗೆ 150 ಯೂನಿಟ್‌ಗೆ ಬರುತ್ತದೆ.

ಕೆಡುವುದು ಎಲ್ಲಿ? ಮೊದಲು ನೀರು ಹಿಂದಕ್ಕೆ ಬರದಂತೆ ತಡೆಯುವ ನಾನ್-ರಿಟರ್ನ್ ವಾಲ್ವ್ ನೋಡಿ. ಅದು ಕೆಟ್ಟಿದ್ದರೆ, ಪಂಪು ನಿಂತ ಕೂಡಲೇ ಕೆಳಗಿನ ಟಾಕಿಯ ಮುಚ್ಚಳ ತೆಗೆದು ಕಿವಿಗೊಟ್ಟರೆ ನೀರು ಸುರಿಯುವ ಸದ್ದು ಕೇಳಿಸುತ್ತದೆ: ಮೇಲೇರಿದ ಪೈಪಿನ ನೀರು ವಾಪಸು ಬರುತ್ತಿದೆ. ಹೀರುವ ಪೈಪಿನ ತುದಿಯ ಫುಟ್ ವಾಲ್ವ್ ಕೂಡ ಸೋರುತ್ತಿದೆ ಎಂದೇ ಇದರರ್ಥ. ಪಂಪು ನೀರಿನ ಮಟ್ಟಕ್ಕಿಂತ ಮೇಲಿದ್ದರೆ ಅದರೊಳಗಿನ ನೀರೂ ಇಳಿದುಹೋಗಿ, ಬೆಳಿಗ್ಗೆ ವಾಚ್‌ಮನ್ ಸ್ವಿಚ್ ಒತ್ತಿದಾಗ ಪಂಪು ಬರಿದೇ ಸುತ್ತಿ ಸೀಲು ಸುಡುತ್ತದೆ. ಗ್ಲ್ಯಾಂಡಿನಿಂದ (ಷಾಫ್ಟ್ ಪಂಪಿನಿಂದ ಹೊರಬರುವಲ್ಲಿನ ಪ್ಯಾಕಿಂಗ್) ಹನಿಹನಿಯಾಗಿ ತೊಟ್ಟಿಕ್ಕುವುದು ಸರಿ. ಪೂರ್ತಿ ಒಣಗಿದ್ದರೆ ಅತಿಯಾಗಿ ಬಿಗಿದಿದ್ದಾರೆ, ಷಾಫ್ಟ್ ಸವೆಯುತ್ತಿದೆ. ನೀರು ದೂಡುವ ಚಕ್ರದ, ಅಂದರೆ ಇಂಪೆಲ್ಲರಿನ, ಸುತ್ತಲಿನ ರಿಂಗು ಸವೆದರೆ ಎತ್ತಿದ ನೀರು ಪಂಪಿನೊಳಗೇ ಸುತ್ತುತ್ತದೆ. ಹೊರಗಿನಿಂದ ಏನೂ ಕಾಣದು, ಟಾಕಿ ತುಂಬಲು ಹೊತ್ತು ಹಿಡಿಯುತ್ತದೆ, ಅಷ್ಟೇ.

ಎಲ್ಲಕ್ಕಿಂತ ದೊಡ್ಡ ತಪ್ಪು ಆಗುವುದು ಕೊಳ್ಳುವಾಗ. "ಇರಲಿ, ಹೆಚ್ಚು ಹೆಡ್ಡಿನದೇ ತಗೊಳ್ಳಿ" (ಹೆಡ್ ಎಂದರೆ ಪಂಪು ನೀರೆತ್ತುವ ಎತ್ತರ) ಎಂದು 33 ಮೀಟರಿನ ಜಾಗಕ್ಕೆ 50 ಮೀಟರಿನ ಪಂಪು ತರುತ್ತಾರೆ. ಅದು ಅಗತ್ಯಕ್ಕಿಂತ ಹೆಚ್ಚು ನೀರು ದೂಡಿ ಮೋಟಾರನ್ನು ಓವರ್‌ಲೋಡ್ ಮಾಡುತ್ತದೆ. ಪ್ಲಂಬರ್ ಬಂದು ಗೇಟ್ ವಾಲ್ವ್ ಅರ್ಧ ಮುಚ್ಚುತ್ತಾನೆ. ಅಲ್ಲಿಂದ ಮುಂದೆ ವರ್ಷಗಟ್ಟಲೆ ಆ ವಾಲ್ವಿನಲ್ಲಿ ವಿದ್ಯುತ್ತು ಸುಡುತ್ತಿರುತ್ತದೆ. ಪೈಪು ಬದಲಿಸುವಾಗ ಉಳಿತಾಯವೆಂದು 3 ಇಂಚಿನ ಬದಲು 2 ಇಂಚು ಹಾಕಿದರೆ, ಅಷ್ಟೇ ನೀರಿಗೆ ತಿಕ್ಕಾಟ ಏಳೂವರೆ ಪಟ್ಟು ಏರುತ್ತದೆ.

ಪಂಪಿಗಿಂತ ದೊಡ್ಡ ಲೆಕ್ಕ ಬಚ್ಚಲಲ್ಲಿದೆ. 18 ಲೀಟರಿನ ಒಂದು ಬಕೆಟ್ ನೀರನ್ನು 26 ಡಿಗ್ರಿಯಿಂದ 42ಕ್ಕೆ ಕಾಯಿಸಲು 0.33 ಯೂನಿಟ್ ಬೇಕು. ಅಷ್ಟರಲ್ಲಿ 1,800 ಲೀಟರ್ ನೀರನ್ನು ಟೆರೇಸಿಗೆ ಏರಿಸಬಹುದು. ನೀರನ್ನು ಪೊರೆಯಲ್ಲಿ ಹಾಯಿಸಿ ಲವಣ ತೆಗೆಯುವ ಆರ್‌ಒ ಫಿಲ್ಟರಿನದು ಬೇರೆ ಗೋಳು: ಒಂದು ಲೀಟರ್ ಕೊಟ್ಟು ಎರಡು ಮೂರು ಲೀಟರ್ ಮೋರಿಗೆ ಬಿಡುತ್ತದೆ. ಕರಗಿದ ಲವಣ ಲೀಟರಿಗೆ 500 ಮಿಲಿಗ್ರಾಮಿಗಿಂತ ಕಡಿಮೆ ಇರುವಲ್ಲಿ ಅದು ಬೇಡವೆಂದು ರಾಷ್ಟ್ರೀಯ ಹಸಿರು ನ್ಯಾಯಮಂಡಳಿ 2019ರಲ್ಲೇ ಹೇಳಿತ್ತು. ಮುಂಬಯಿಯ ಕೆರೆನೀರಿನ ಲವಣ ಆ ಮಿತಿಯ ಹತ್ತಿರವೂ ಸುಳಿಯುವುದಿಲ್ಲ.

ಮುಂಬಯಿ ಪಾಲಿಕೆ ಮನೋರಿಯಲ್ಲಿ ದಿನಕ್ಕೆ 20 ಕೋಟಿ ಲೀಟರ್, ಮುಂದೆ 40 ಕೋಟಿ ಲೀಟರ್ ಸಮುದ್ರದ ನೀರನ್ನು ಸಿಹಿ ಮಾಡುವ ಯೋಜನೆ ಹಾಕಿದೆ. ಸಮುದ್ರದ ನೀರನ್ನು ಪೊರೆಯಲ್ಲಿ ಹಾಯಿಸಲು 55ರಿಂದ 65 ಬಾರ್ ಒತ್ತಡ ಬೇಕು. ಒಳ್ಳೆಯ ಯಂತ್ರವಿದ್ದರೂ ಸಾವಿರ ಲೀಟರಿಗೆ 3ರಿಂದ 4 ಯೂನಿಟ್. ಅಂದರೆ ಘಟ್ಟ ಇಳಿದ ಮೂರು ಸಾವಿರ ಲೀಟರ್ ಕೊಟ್ಟ ವಿದ್ಯುತ್ತನ್ನು ಸಮುದ್ರದ ಒಂದು ಸಾವಿರ ಲೀಟರ್ ನುಂಗುತ್ತದೆ. 20 ಕೋಟಿ ಲೀಟರಿಗೆ ದಿನಕ್ಕೆ ಸುಮಾರು 7 ಲಕ್ಷ ಯೂನಿಟ್. ಒಳನಾಡಿನ ಕಲ್ಲಿದ್ದಲು ಸ್ಥಾವರದಿಂದ ಅದು ಬಂದರೆ, ಯೂನಿಟ್‌ಗೆ 3 ಲೀಟರಿನಂತೆ 21 ಲಕ್ಷ ಲೀಟರ್ ಸಿಹಿನೀರು ಮುಖ್ಯವಾಗಿ ಕೂಲಿಂಗ್ ಟವರಿನಲ್ಲಿ ಹಬೆಯಾಗಿ ಹೋಗುತ್ತದೆ. ಸಿಗುವ ನೀರಿನ ಶೇ 1ರಷ್ಟೇ, ನಿಜ. ಆದರೆ ಹೋಗುವುದು ಎಲ್ಲಿಯದು? ಟ್ರಾಂಬೆ, ಡಹಾಣೂ ಸ್ಥಾವರಗಳಿಗೆ ತಂಪು ಮಾಡಲು ಸಮುದ್ರವೇ ಪಕ್ಕದಲ್ಲಿದೆ. ಬೀಡ ಜಿಲ್ಲೆಯ ಪರಳಿ ಸ್ಥಾವರಕ್ಕೆ ಆ ಭಾಗ್ಯವಿಲ್ಲ. 2015ರಲ್ಲಿ ನೀರಿಲ್ಲದೆ ಅದನ್ನು ಪೂರ್ತಿ ನಿಲ್ಲಿಸಬೇಕಾಯಿತು.

ಬರ ಬಂದ ವರ್ಷಕ್ಕೆಂದು ಮನೋರಿ ಇರಲಿ, ಬೇಡವೆನ್ನುವುದಿಲ್ಲ. ಆದರೆ ಮುಂಬಯಿಗೆ ದಿನಕ್ಕೆ ಬರುವ ಸುಮಾರು 390 ಕೋಟಿ ಲೀಟರಿನಲ್ಲಿ ಸೋರಿಕೆ, ಕಳವು ಸೇರಿ ಕಾಲು ಭಾಗಕ್ಕೆ ಕಡಿಮೆಯಿಲ್ಲದಷ್ಟು ಲೆಕ್ಕಕ್ಕೇ ಸಿಗುವುದಿಲ್ಲ. ಅದರಲ್ಲಿ ಭಾತ್ಸಾ ಜಲಾಶಯದ್ದು ಪಿಸೆ ಎಂಬಲ್ಲಿ ಪಂಪು ಹಾಕಿ ಎತ್ತಿದ ನೀರು. ಎತ್ತಿ ಸೋರಿಸುವುದು, ಆಮೇಲೆ ಸಮುದ್ರವನ್ನು ಹಿಂಡುವುದು ತಲೆಕೆಳಗಾದ ಕ್ರಮ. ಪಾಲಿಕೆ ಪ್ರತಿ ಪಂಪಿಂಗ್ ಸ್ಟೇಷನ್ನಿನ ಸಾವಿರ ಲೀಟರಿನ ಯೂನಿಟ್ ಅಂಕಿಯನ್ನು ತಿಂಗಳಿಗೊಮ್ಮೆ ಪ್ರಕಟಿಸಲಿ.

ಸೊಸೈಟಿ ಕಮಿಟಿಯಲ್ಲಿರುವ ಓದುಗರು ಸೆಪ್ಟೆಂಬರ್ 30ರೊಳಗಿನ ವಾರ್ಷಿಕ ಸಭೆಯ ವರದಿಗೆ ಇದೇ ಅಂಕಿಯನ್ನು ಒಂದು ಸಾಲಾಗಿ ಸೇರಿಸಬಹುದು. ಕೋಲು, ಕ್ಲ್ಯಾಂಪ್ ಮೀಟರ್, ಗಡಿಯಾರ ಇಷ್ಟೇ ಸಾಮಾನು. ಬೆಳಿಗ್ಗೆ ಪಾಲಿಕೆಯ ನೀರು ಬರುವ ಹೊತ್ತಿನಲ್ಲಿ ಮಾತ್ರ ಮಾಡಬೇಡಿ, ವಾಲ್ವ್ ಮುಚ್ಚಿದ ಅರ್ಧ ಗಂಟೆಯ ನೀರು ಮತ್ತೆ ಸಿಗುವುದಿಲ್ಲ.

ಇಂತಿ,
ಪಂಪು ಮತ್ತು ವಿದ್ಯುತ್ ಕೆಲಸದಲ್ಲಿರುವ ಇಬ್ಬರು ಓದುಗರು
ಡೊಂಬಿವಲಿ ಪೂರ್ವ